ರದ್ದಾದ ಹೊರಗುತ್ತಿಗೆ, ರದ್ದಾಗದ ಬಾಕಿ

ಸರ್ಕಾರಿ ಇಲಾಖೆಯೊಂದು ಹೊರಗುತ್ತಿಗೆ ರದ್ದು ಮಾಡಿ, ಸಿಬ್ಬಂದಿ ಒದಗಿಸುವ ಏಜೆನ್ಸಿಗೆ ಕಳಿಸುವ ಪತ್ರಗಳಿಗೆ ಹೆಚ್ಚುಕಡಿಮೆ ಒಂದೇ ಅಚ್ಚು. ಟೆಂಡರ್ ಷರತ್ತಿನ ಸಂಖ್ಯೆ, ಸೇವೆ ತೃಪ್ತಿಕರವಾಗಿಲ್ಲ ಎಂಬ ಒಂದು ಸಾಲು, ಭದ್ರತಾ ಠೇವಣಿ ಮುಟ್ಟುಗೋಲು ಹಾಕಿಕೊಳ್ಳಲಾಗಿದೆ ಎಂಬ ಇನ್ನೊಂದು ಸಾಲು, ಕೊನೆಗೆ ಕಪ್ಪುಪಟ್ಟಿಗೆ ಸೇರಿಸುವ ಮಾತು. ರದ್ದಾದ ದಿನದವರೆಗೆ ನಡೆದ ಕೆಲಸದ ಬಿಲ್ಲಿನ ಗತಿ ಏನು ಎಂಬುದು ಮಾತ್ರ ಅದರಲ್ಲಿ ಸಿಗುವುದು ಅಪರೂಪ. ಆ ಬಿಲ್ಲಿನೊಳಗೆ ಆಸ್ಪತ್ರೆಯ ಡಿ ಗ್ರೂಪ್ ನೌಕರರ ಎರಡು ಮೂರು ತಿಂಗಳ ಸಂಬಳ ಇರುತ್ತದೆ. ಹಾಸ್ಟೆಲ್ ಅಡುಗೆಯವರು, ಡಾಟಾ ಎಂಟ್ರಿ ಆಪರೇಟರುಗಳು, ಸೆಕ್ಯುರಿಟಿ ಗಾರ್ಡುಗಳು, ಇಲಾಖೆಯ ಜೀಪು ಓಡಿಸುವ ಚಾಲಕರು, ಇವರೆಲ್ಲರ ಪಿಎಫ್, ಇಎಸ್‌ಐ ಹಣವೂ ಇರುತ್ತದೆ.

ರದ್ದತಿ ನಾಳೆಯ ಕೆಲಸಕ್ಕೆ ಸಂಬಂಧಿಸಿದ್ದು, ಬಾಕಿ ನಿನ್ನೆಯ ಕೆಲಸಕ್ಕೆ. ಗುತ್ತಿಗೆ ರದ್ದು ಮಾಡಿದ್ದು ಸರಿಯೋ ತಪ್ಪೋ ಎಂಬ ಜಗಳ ವರ್ಷಗಟ್ಟಲೆ ನಡೆಯಲಿ, ಮುಗಿದ ಕೆಲಸದ ಕೂಲಿ ಅದಕ್ಕಾಗಿ ಕಾಯಬೇಕಿಲ್ಲ. ನಮ್ಮ ಕಾನೂನು ಈ ಎರಡನ್ನೂ ಬೇರೆ ಬೇರೆಯಾಗಿಯೇ ನೋಡುತ್ತದೆ. ಇಲಾಖೆಗಳು ಮಾತ್ರ ಎರಡನ್ನೂ ಒಂದೇ ಕಡತದಲ್ಲಿ ಕಟ್ಟಿಡುತ್ತವೆ. ಏಜೆನ್ಸಿಗಳೂ ಬಹಳಷ್ಟು ಸಲ ಎರಡನ್ನೂ ಒಂದೇ ಅರ್ಜಿಯಲ್ಲಿ ತುರುಕಿ, ಗೆಲ್ಲಬಹುದಾಗಿದ್ದ ಬಾಕಿಯನ್ನು ಗೆಲ್ಲಲಾಗದ ಗುತ್ತಿಗೆಯ ಜೊತೆ ಮುಳುಗಿಸಿಕೊಳ್ಳುತ್ತವೆ.

ಹಣ ಎಲ್ಲಿ ಸಿಕ್ಕಿಹಾಕಿಕೊಳ್ಳುತ್ತದೆ ಎಂಬುದನ್ನು ಮೊದಲು ನೋಡೋಣ. ಮ್ಯಾನ್‌ಪವರ್ ಟೆಂಡರಿನಲ್ಲಿ ಸಾಮಾನ್ಯವಾಗಿ ಏಜೆನ್ಸಿಯೇ ಮೊದಲು ಸಂಬಳ ಕೊಡಬೇಕು, ಪಿಎಫ್ ಮತ್ತು ಇಎಸ್‌ಐ ಕಟ್ಟಬೇಕು. ಆಮೇಲೆ ಹಾಜರಾತಿ ಪಟ್ಟಿ, ಬ್ಯಾಂಕ್ ಸ್ಟೇಟ್‌ಮೆಂಟ್, ಚಲನ್ ಎಲ್ಲವನ್ನೂ ಲಗತ್ತಿಸಿ ಬಿಲ್ ಸಲ್ಲಿಸಬೇಕು. ಬಿಲ್ ಡಿಡಿಒ (ಇಲಾಖೆಯ ಹಣ ಸೆಳೆದು ಬಟವಾಡೆ ಮಾಡುವ ಅಧಿಕಾರಿ) ಮೇಜು ದಾಟಿ ಖಜಾನೆಗೆ ಹೋಗಬೇಕಾದರೆ ಆ ಖರ್ಚಿಗೆಂದು ಬಜೆಟ್‌ನಲ್ಲಿರುವ ಲೆಕ್ಕಶೀರ್ಷಿಕೆಯಲ್ಲಿ ಅನುದಾನ ಬಿಡುಗಡೆಯಾಗಿರಬೇಕು. ಟೆಂಡರಿನ ಪೈಪೋಟಿಯೆಲ್ಲ ಸೇವಾ ಶುಲ್ಕದ ಮೇಲೆ ನಡೆಯುವುದರಿಂದ ಏಜೆನ್ಸಿಗೆ ಉಳಿಯುವ ಪಾಲು ತೀರ ತೆಳು. ಇದರ ಮೇಲೆ ಜಿಎಸ್‌ಟಿ ಬೇರೆ. ತೆರಿಗೆ ಅನ್ವಯಿಸುವ ಸೇವೆಗೆ ಇನ್‌ವಾಯ್ಸ್ ಹಾಕಿದ ಮೇಲೆ, ಇಲಾಖೆ ಹಣ ಕೊಡಲಿ ಬಿಡಲಿ, ತೆರಿಗೆಯನ್ನು ಕಟ್ಟಲೇಬೇಕು. ಮೂರು ತಿಂಗಳ ಬಿಲ್ ನಿಂತರೆ ಸಣ್ಣ ಏಜೆನ್ಸಿ ಸಾಲಕ್ಕೆ ಬೀಳುತ್ತದೆ. ಮೊದಲು ನಿಲ್ಲುವುದು ಸಂಬಳ, ಆಮೇಲೆ ಪಿಎಫ್. ಆಗ 'ಸಿಬ್ಬಂದಿಗೆ ಸಂಬಳ ಕೊಟ್ಟಿಲ್ಲ' ಎಂಬ ಕಾರಣ ಕೊಟ್ಟು ಇಲಾಖೆ ಗುತ್ತಿಗೆಯನ್ನೇ ರದ್ದು ಮಾಡುತ್ತದೆ. ಹಣ ತಡೆದವರೇ, ಆ ತಡೆಯಿಂದ ಹುಟ್ಟಿದ ಲೋಪವನ್ನು ರದ್ದತಿಗೆ ಕಾರಣವಾಗಿ ಕೊಡುವ ಈ ಸುತ್ತು ಇಂಥ ಪ್ರಕರಣಗಳಲ್ಲಿ ಮತ್ತೆ ಮತ್ತೆ ಕಾಣುತ್ತದೆ.

ಏಜೆನ್ಸಿಗಳೆಲ್ಲ ಸಾಚಾ ಎಂದು ಹೇಳುತ್ತಿಲ್ಲ. ಕಾರ್ಮಿಕರ ಎಟಿಎಂ ಕಾರ್ಡನ್ನು ತಾವೇ ಇಟ್ಟುಕೊಳ್ಳುವವರು, ಕೆಲಸ ಕೊಡಿಸಲು ಹಣ ಕೇಳುವವರು, ಪಿಎಫ್ ಹಿಡಿದು ಕಟ್ಟದವರು ಇದ್ದಾರೆ. ಅಂಥವರ ಗುತ್ತಿಗೆ ರದ್ದಾಗಲೇಬೇಕು. ಪ್ರಶ್ನೆ ಇರುವುದು ರದ್ದು ಮಾಡುವ ಬಗೆಯಲ್ಲಿ ಮತ್ತು ಅದಾದ ಮೇಲೆ ಲೆಕ್ಕ ಚುಕ್ತಾ ಮಾಡುವ ಬಗೆಯಲ್ಲಿ.

ರದ್ದತಿಯ ವಿಚಾರಕ್ಕೆ ಬಂದರೆ, ಸರ್ಕಾರ ಖಾಸಗಿ ಮಾಲೀಕನ ಹಾಗೆ ಮನಸ್ಸು ಬಂದಂತೆ ವ್ಯವಹರಿಸುವಂತಿಲ್ಲ ಎಂಬುದು ಹಳೆಯ ತತ್ವ. 1979ರ ರಮಣ ದಯಾರಾಮ್ ಶೆಟ್ಟಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸಮಾನತೆಯ ಹಕ್ಕು ಕೊಡುವ ಸಂವಿಧಾನದ 14ನೇ ವಿಧಿಯನ್ನು ಟೆಂಡರಿನ ಅಂಗಳಕ್ಕೆ ತಂದಿತು. ಉತ್ತರ ಪ್ರದೇಶದ ಸರ್ಕಾರಿ ವಕೀಲರನ್ನೆಲ್ಲ ಒಂದೇ ಏಟಿಗೆ ತೆಗೆದುಹಾಕಿದ ಪ್ರಕರಣದಲ್ಲಿ, ಅಂದರೆ ಶ್ರೀಲೇಖಾ ವಿದ್ಯಾರ್ಥಿ ತೀರ್ಪಿನಲ್ಲಿ, ಗುತ್ತಿಗೆಗೆ ಸಹಿ ಹಾಕಿದ ಮೇಲೂ ಸರ್ಕಾರಕ್ಕೆ ಆ ಕಟ್ಟುಪಾಡು ಇದೆ ಎಂದು ಹೇಳಿತು. ಇತ್ತೀಚಿನ ಮುಖ್ಯ ತೀರ್ಪು 2024ರ ಜುಲೈನದು. ಕೋಲ್ಕತ್ತ ಮಹಾನಗರ ಅಭಿವೃದ್ಧಿ ಪ್ರಾಧಿಕಾರ ಎರಡು ಅಂಡರ್‌ಪಾಸ್‌ಗಳ ನಿರ್ವಹಣೆಯನ್ನು, ಜಾಹೀರಾತು ಹಾಕುವ ಹಕ್ಕಿನೊಂದಿಗೆ, ಹತ್ತು ವರ್ಷಕ್ಕೆ ಟೆಂಡರ್ ಮೂಲಕ ಸುಬೋಧ್ ಕುಮಾರ್ ಸಿಂಗ್ ರಾಥೋರ್ ಎಂಬುವರಿಗೆ ಕೊಟ್ಟಿತ್ತು. ಸ್ವಲ್ಪ ಕಾಲದಲ್ಲೇ ತಾಂತ್ರಿಕ ದೋಷದ ಕಾರಣ ಹೇಳಿ ರದ್ದು ಮಾಡಿತು. ಹೈಕೋರ್ಟಿನಲ್ಲಿ ಸೋತು ಅವರು ಸುಪ್ರೀಂ ಕೋರ್ಟಿಗೆ ಹೋದಾಗ ಇಲಾಖೆಯ ಕಡತವೇ ಮಾತಾಡಿತು: ರದ್ದತಿಯ ಹಿಂದೆ ಸಚಿವರ ಸೂಚನೆ ಇತ್ತು, ಕಾರಣಗಳನ್ನು ಅದಕ್ಕೆ ತಕ್ಕಂತೆ ಹೊಂದಿಸಲಾಗಿತ್ತು. ಕೋರ್ಟ್ ರದ್ದತಿಯನ್ನೇ ರದ್ದು ಮಾಡಿತು. ಟೆಂಡರ್ ಮೂಲಕ ಕೊಟ್ಟ ಗುತ್ತಿಗೆಯನ್ನು ಹೀಗೆ ಕಿತ್ತುಕೊಂಡರೆ ಸರ್ಕಾರದ ಮಾತಿನ ಮೇಲೆ ನಂಬಿಕೆ ಉಳಿಯುವುದಿಲ್ಲ ಎಂಬುದು ಆ ತೀರ್ಪಿನ ತಿರುಳು. ಕಡತದ ಟಿಪ್ಪಣಿಗಳನ್ನು ಮಾಹಿತಿ ಹಕ್ಕಿನಲ್ಲಿ ಪಡೆದಿಟ್ಟುಕೊಳ್ಳಿ ಎಂದು ಅನುಭವಿ ವಕೀಲರು ಮೊದಲ ಭೇಟಿಯಲ್ಲೇ ಹೇಳುವುದು ಇದೇ ಕಾರಣಕ್ಕೆ.

ಆದರೂ ಈ ತೀರ್ಪನ್ನು ಓದಿ ಎಲ್ಲ ಏಜೆನ್ಸಿಗಳೂ ಗುತ್ತಿಗೆ ವಾಪಸ್ ಸಿಗುತ್ತದೆ ಎಂದುಕೊಂಡರೆ ನಿರಾಸೆಯೇ ಗಟ್ಟಿ. ಹೊರಗುತ್ತಿಗೆ ಒಪ್ಪಂದಗಳಲ್ಲಿ ಬಹುಪಾಲಿಗೆ 'ಒಂದು ತಿಂಗಳ ನೋಟಿಸ್ ಕೊಟ್ಟು ಕೊನೆಗೊಳಿಸಬಹುದು' ಎಂಬ ಷರತ್ತು ಇರುತ್ತದೆ. ಹಾಗೆ ಕೊನೆಗೊಳಿಸಬಹುದಾದ ಒಪ್ಪಂದವನ್ನು ಮುಂದುವರಿಸಿ ಎಂದು ಸಿವಿಲ್ ಕೋರ್ಟ್ ಆದೇಶ ಕೊಡುವುದಿಲ್ಲ. ನಿರ್ದಿಷ್ಟ ಪರಿಹಾರ ಕಾಯ್ದೆಯ 14ನೇ ಕಲಂ ಅದಕ್ಕೆ ಅಡ್ಡ. ಹೆಚ್ಚೆಂದರೆ ನೋಟಿಸ್ ಅವಧಿಯ ಲಾಭದಷ್ಟು ಪರಿಹಾರ ಸಿಗಬಹುದು. ಹೊಸ ಟೆಂಡರಿಗೆ ತಡೆಯಾಜ್ಞೆ ಕೇಳುವುದೂ ಕಷ್ಟದ ದಾರಿ. 2022ರ ಎನ್.ಜಿ. ಪ್ರಾಜೆಕ್ಟ್ಸ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಟೆಂಡರ್ ವಿಷಯದಲ್ಲಿ ತಡೆ ಕೊಡುವ ಬದಲು ನಷ್ಟ ತುಂಬಿಕೊಡುವ ದಾರಿಗೆ ಕಳಿಸಿ ಎಂದು ಹೈಕೋರ್ಟುಗಳಿಗೆ ಹೇಳಿದೆ.

ಕಪ್ಪುಪಟ್ಟಿಯ ವಿಷಯದಲ್ಲಿ ಮಾತ್ರ ಕಾನೂನು ಏಜೆನ್ಸಿಯ ಪರ ಗಟ್ಟಿಯಾಗಿದೆ. ವಿಚಾರಣೆ ಇಲ್ಲದೆ ಯಾರನ್ನೂ ಕಪ್ಪುಪಟ್ಟಿಗೆ ಹಾಕುವಂತಿಲ್ಲ ಎಂದು 1975ರಷ್ಟು ಹಿಂದೆಯೇ ಇರೂಸಿಯನ್ ಪ್ರಕರಣದಲ್ಲಿ ತೀರ್ಮಾನವಾಗಿದೆ. 2014ರ ಗೋರ್ಖಾ ಸೆಕ್ಯುರಿಟಿ ಪ್ರಕರಣ ಸೆಕ್ಯುರಿಟಿ ಗಾರ್ಡುಗಳನ್ನು ಒದಗಿಸುವ ಸರ್ಕಾರಿ ಗುತ್ತಿಗೆಯದ್ದೇ. ಕಾರಣ ಕೇಳುವ ನೋಟಿಸಿನಲ್ಲಿ ಲೋಪಗಳನ್ನು ಪಟ್ಟಿ ಮಾಡಿದ್ದ ದೆಹಲಿ ಆಡಳಿತ, ಕಪ್ಪುಪಟ್ಟಿಗೆ ಹಾಕುವ ಉದ್ದೇಶವಿದೆ ಎಂದು ಎಲ್ಲೂ ಬರೆದಿರಲಿಲ್ಲ. ಆದೇಶ ಬಿದ್ದುಹೋಯಿತು. 2020ರಲ್ಲಿ ಅದೇ ಪಾಠ ಭಾರತೀಯ ಆಹಾರ ನಿಗಮಕ್ಕೆ. ವಾಚ್‌ಮನ್ ನೇಮಕಾತಿ ಪರೀಕ್ಷೆ ನಡೆಸಲು ಯುಎಂಸಿ ಟೆಕ್ನಾಲಜೀಸ್ ಎಂಬ ಸಂಸ್ಥೆಗೆ ಕೊಟ್ಟಿದ್ದ ಗುತ್ತಿಗೆಯನ್ನು ಪ್ರಶ್ನೆಪತ್ರಿಕೆ ಸೋರಿಕೆಯ ಆರೋಪದ ಮೇಲೆ ನಿಗಮ ರದ್ದು ಮಾಡಿ, ಐದು ವರ್ಷ ಟೆಂಡರಿನಿಂದ ಹೊರಗಿಟ್ಟಿತ್ತು. ಆರೋಪ ಎಷ್ಟೇ ಗಂಭೀರವಾಗಿರಲಿ, ಇಂಥ ಶಿಕ್ಷೆ ಕೊಡುತ್ತೇವೆ ಎಂದು ಮೊದಲೇ ತಿಳಿಸಿ ಉತ್ತರ ಕೇಳಬೇಕಿತ್ತು ಎಂದಿತು ಕೋರ್ಟ್. ಒಂದು ಕಚೇರಿಯ ಕಪ್ಪುಪಟ್ಟಿ ಉಳಿದೆಲ್ಲ ಕಚೇರಿಗಳ ಟೆಂಡರನ್ನೂ ಮುಚ್ಚಿಬಿಡುವುದರಿಂದ ಈ ಬಿಗಿ ಬೇಕಾಗಿದೆ. ಠೇವಣಿ ಮುಟ್ಟುಗೋಲಿಗೂ ಒಂದು ಮಿತಿ ಇದೆ. 2015ರ ಕೈಲಾಶ್ ನಾಥ್ ತೀರ್ಪಿನ ಪ್ರಕಾರ, ಕರಾರು ಕಾಯ್ದೆಯ 74ನೇ ಕಲಂ ಅಡಿ ಹಣ ಹಿಡಿದುಕೊಳ್ಳಬೇಕಾದರೆ ನಷ್ಟ ಆಗಿರಲೇಬೇಕು. ಏನೂ ನಷ್ಟವಿಲ್ಲದ ಕಡೆ ಠೇವಣಿ ನುಂಗುವಂತಿಲ್ಲ.

ಈಗ ಬಾಕಿಯ ವಿಚಾರ. ಇಲ್ಲಿ ಇಲಾಖೆಗಳು ಎತ್ತುವ ಮುಖ್ಯ ತಕರಾರು ಕಾಗದದ್ದು. ಗುತ್ತಿಗೆಯ ಅವಧಿ ಮಾರ್ಚ್‌ನಲ್ಲೇ ಮುಗಿದಿತ್ತು, ವಿಸ್ತರಣೆಯ ಆದೇಶ ಇಲ್ಲ, ಆದ್ದರಿಂದ ಏಪ್ರಿಲ್‌ನಿಂದಾಚೆಗಿನ ಬಿಲ್ ಪಾವತಿಸಲು ಬರುವುದಿಲ್ಲ, ಆಡಿಟ್ ಆಕ್ಷೇಪಣೆ ಬರುತ್ತದೆ ಎನ್ನುತ್ತವೆ. ಹಾಗಾದರೆ ಏಪ್ರಿಲ್‌ನಿಂದ ಆಸ್ಪತ್ರೆಯ ವಾರ್ಡುಗಳನ್ನು ತೊಳೆದವರು ಯಾರು? 'ಹೊಸ ಟೆಂಡರ್ ಆಗುವವರೆಗೆ ಮುಂದುವರಿಸಿ' ಎಂದು ಮೀಟಿಂಗಿನಲ್ಲಿ ಬಾಯಲ್ಲಿ ಹೇಳಿದ ಅಧಿಕಾರಿ ಅಷ್ಟರಲ್ಲಿ ವರ್ಗವಾಗಿ ಹೋಗಿರುತ್ತಾರೆ. ಸಂವಿಧಾನದ 299ನೇ ವಿಧಿ ಪ್ರಕಾರ ರಾಜ್ಯದ ಕರಾರು ರಾಜ್ಯಪಾಲರ ಹೆಸರಿನಲ್ಲಿ, ಅಧಿಕಾರವುಳ್ಳವರ ಸಹಿಯೊಂದಿಗೆ ಆಗಬೇಕು. ಕರ್ನಾಟಕದಲ್ಲಿ ಇದರ ಜೊತೆಗೆ 1999ರ ಪಾರದರ್ಶಕತೆ ಕಾಯ್ದೆ ಇದೆ. ನಾವು ಕೆಟಿಪಿಪಿ ಎಂದು ಕರೆಯುವ ಈ ಕಾಯ್ದೆಯ ಪ್ರಕಾರ ವಿನಾಯಿತಿ ಇರುವ ಸಂದರ್ಭ ಬಿಟ್ಟರೆ ಟೆಂಡರ್ ಇಲ್ಲದೆ ಖರೀದಿ ಮಾಡುವಂತಿಲ್ಲ. ಅದೇ ಕಾಯ್ದೆಯ 4(ಜಿ) ಕಲಂ ಅಡಿ ವಿನಾಯಿತಿ ತೆಗೆದುಕೊಂಡು ಅವಧಿ ವಿಸ್ತರಿಸಬಹುದಿತ್ತು. ಅದನ್ನು ಮಾಡದ ಇಲಾಖೆಯ ಲೋಪ ಕೊನೆಗೆ ಕಸಗುಡಿಸುವವರ ಸಂಬಳಕ್ಕೆ ಬಂದು ನಿಲ್ಲುತ್ತದೆ.

ಈ ತಕರಾರಿಗೆ ಉತ್ತರ ಕೊಟ್ಟ ತೀರ್ಪು ಬಹಳ ಹಳೆಯದು, ಇವತ್ತಿಗೂ ಜೀವಂತ. 1944ರಲ್ಲಿ ಬಂಗಾಳದ ನಾಗರಿಕ ಪೂರೈಕೆ ಇಲಾಖೆಯ ಅಧಿಕಾರಿಗಳು ಕೇಳಿದರೆಂದು ಬಿ.ಕೆ. ಮಂಡಲ್ ಅಂಡ್ ಸನ್ಸ್ ಎಂಬ ಸಂಸ್ಥೆ ಆರಾಮ್‌ಬಾಗ್ ಮುಂತಾದ ಕಡೆ ದಾಸ್ತಾನಿಗೆ ಬೇಕಾದ ಕಟ್ಟಡಗಳನ್ನು ಕಟ್ಟಿಕೊಟ್ಟಿತು. ಇಲಾಖೆ ಅವನ್ನು ಬಳಸಿಕೊಂಡಿತು. ಬಿಲ್ ಕೊಟ್ಟಾಗ, ಹಾಗೆ ಕರಾರು ಮಾಡಲು ನಮ್ಮ ಅಧಿಕಾರಿಗಳಿಗೆ ಅಧಿಕಾರವೇ ಇರಲಿಲ್ಲ ಎಂದು ಸರ್ಕಾರ ವಾದಿಸಿತು. ವಿವಾದ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ಕರಾರು ಕಾನೂನುಬದ್ಧವಾಗಿಲ್ಲದಿರಬಹುದು, ಆದರೆ 1872ರ ಕರಾರು ಕಾಯ್ದೆಯ 70ನೇ ಕಲಂ ಇದೆ ಎಂದು 1961ರ ಕೊನೆಯಲ್ಲಿ ಕೋರ್ಟ್ ಹೇಳಿತು. ಒಬ್ಬರು ಪುಕ್ಕಟೆ ಮಾಡುವ ಉದ್ದೇಶವಿಲ್ಲದೆ ನ್ಯಾಯವಾಗಿ ಮಾಡಿದ ಕೆಲಸದ ಲಾಭವನ್ನು ಇನ್ನೊಬ್ಬರು ಪಡೆದಿದ್ದರೆ, ಪಡೆದವರು ಬೆಲೆ ಕೊಡಬೇಕು, ಇಲ್ಲವೇ ವಸ್ತುವನ್ನು ಮರಳಿಸಬೇಕು. ಕಟ್ಟಡ ಬೇಡವೆಂದು ಸರ್ಕಾರ ಹೇಳಬಹುದಿತ್ತು. ಬಳಸಿಕೊಂಡ ಮೇಲೆ ಹಣ ಕೊಡಲೇಬೇಕು. ಹೊರಗುತ್ತಿಗೆಗೆ ಇದನ್ನು ಅನ್ವಯಿಸಿ ನೋಡಿದರೆ ತರ್ಕ ಇನ್ನೂ ಗಟ್ಟಿಯಾಗುತ್ತದೆ, ಏಕೆಂದರೆ ಮುಗಿದುಹೋದ ರಾತ್ರಿ ಪಾಳಿಯನ್ನು ಮರಳಿಸಲು ಯಾರಿಂದಲೂ ಆಗುವುದಿಲ್ಲ. ಆದರೆ 70ನೇ ಕಲಂ ಅಡಿ ಗೆಲ್ಲಲು ಕೆಲಸ ನಡೆದದ್ದಕ್ಕೆ ಪುರಾವೆ ಬೇಕು. ಇಲಾಖೆಯ ಅಧಿಕಾರಿ ಸಹಿ ಮಾಡಿದ ಹಾಜರಾತಿ, ಪಾಳಿಯ ರಿಜಿಸ್ಟರ್, ವಾಟ್ಸ್ಆ್ಯಪ್ ಗುಂಪಿನಲ್ಲಿ ಬಂದ ಸೂಚನೆ, ಮೀಟಿಂಗಿನ ನಡಾವಳಿ, ಇವೆಲ್ಲ ಆಗ ಸಂಬಳದಷ್ಟೇ ಬೆಲೆಬಾಳುವ ಕಾಗದಗಳು.

ಯಾವ ಬಾಗಿಲು ತಟ್ಟಬೇಕು ಎಂಬಲ್ಲಿ ಅನೇಕರು ಎಡವುತ್ತಾರೆ. ಹಣದ ಬಾಕಿಗೆ ರಿಟ್ ಅರ್ಜಿ, ಅಂದರೆ ಸರ್ಕಾರದ ವಿರುದ್ಧ ನೇರವಾಗಿ ಹೈಕೋರ್ಟಿಗೆ ಹಾಕುವ ಅರ್ಜಿ, ನಡೆಯುವುದಿಲ್ಲ ಎಂಬುದು ಸಾಮಾನ್ಯ ನಂಬಿಕೆ, ಆದರೆ ಪೂರ್ತಿ ನಿಜವಲ್ಲ. 2004ರ ಎಬಿಎಲ್ ಇಂಟರ್‌ನ್ಯಾಷನಲ್ ತೀರ್ಪು ಆ ಬಾಗಿಲನ್ನು ತೆರೆದಿಟ್ಟಿದೆ. ಮೊತ್ತವನ್ನು ಇಲಾಖೆಯೇ ಒಪ್ಪಿಕೊಂಡಿದ್ದರೆ ಗುತ್ತಿಗೆದಾರನನ್ನು ಸಿವಿಲ್ ದಾವೆಗೆ ಅಟ್ಟುವುದು ಸರಿಯಲ್ಲ ಎಂದು 2019ರ ಸೂರ್ಯ ಕನ್‌ಸ್ಟ್ರಕ್ಷನ್ಸ್ ಪ್ರಕರಣ ಸ್ಪಷ್ಟಪಡಿಸಿದೆ. 'ಅನುದಾನ ಬಂದ ಕೂಡಲೇ ಪಾವತಿಸಲಾಗುವುದು' ಎಂದು ಇಲಾಖೆ ಬರೆದುಕೊಟ್ಟ ಒಂದು ಹಿಂಬರಹ ಹೈಕೋರ್ಟಿನ ಬೆಂಗಳೂರು, ಧಾರವಾಡ, ಕಲಬುರಗಿ ಪೀಠಗಳಲ್ಲಿ ಇಡೀ ಪ್ರಕರಣದ ದಿಕ್ಕನ್ನು ಬದಲಿಸಬಲ್ಲದು. ಲೆಕ್ಕದಲ್ಲೇ ಜಗಳವಿದ್ದರೆ, ಎಷ್ಟು ಜನ ಕೆಲಸ ಮಾಡಿದರು, ದಂಡ ಎಷ್ಟು ಎಂಬುದೇ ವಿವಾದವಾದರೆ, ರಿಟ್‌ನಲ್ಲಿ ಅದು ತೀರುವುದಿಲ್ಲ. ಆಗ ಕಮರ್ಷಿಯಲ್ ಕೋರ್ಟ್ ಅಥವಾ ಮಧ್ಯಸ್ಥಿಕೆ (ಆರ್ಬಿಟ್ರೇಷನ್). ಒಪ್ಪಂದದಲ್ಲಿ 'ಇಲಾಖಾ ಮುಖ್ಯಸ್ಥರೇ ಮಧ್ಯಸ್ಥಗಾರರನ್ನು ನೇಮಿಸುತ್ತಾರೆ' ಎಂದು ಬರೆದಿದ್ದರೆ ಅದಕ್ಕೆ ತಲೆಬಾಗಬೇಕಿಲ್ಲ. ಅಂಥ ಏಕಪಕ್ಷೀಯ ನೇಮಕ ಸಮಾನತೆಗೆ ವಿರುದ್ಧ ಎಂದು 2024ರ ನವೆಂಬರ್‌ನಲ್ಲಿ ಸಂವಿಧಾನ ಪೀಠ ಹೇಳಿದೆ. ಇನ್ನೊಂದೆಡೆ, ಮಧ್ಯಸ್ಥಿಕೆಯ ಷರತ್ತೇ ಸರ್ಕಾರಿ ಒಪ್ಪಂದಗಳಿಂದ ಕಡಿಮೆಯಾಗುತ್ತಿದೆ. ಅದನ್ನು 10 ಕೋಟಿ ರೂಪಾಯಿಗಿಂತ ಕಡಿಮೆ ಮೌಲ್ಯದ ವಿವಾದಗಳಿಗೆ ಸೀಮಿತಗೊಳಿಸುವಂತೆ ಕೇಂದ್ರ ಹಣಕಾಸು ಸಚಿವಾಲಯ 2024ರ ಜೂನ್‌ನಲ್ಲಿ ಸೂಚಿಸಿದೆ.

ಸಣ್ಣ ಏಜೆನ್ಸಿಗಳ ಕೈಯಲ್ಲಿರುವ ಬಲವಾದ ಅಸ್ತ್ರ 2006ರ ಎಂಎಸ್‌ಎಂಇ ಕಾಯ್ದೆ ಎಂಬುದು ನನ್ನ ಅಭಿಪ್ರಾಯ. ಸೇವೆ ಒದಗಿಸಿದ ಸೂಕ್ಷ್ಮ ಅಥವಾ ಸಣ್ಣ ಉದ್ಯಮಕ್ಕೆ ಗರಿಷ್ಠ 45 ದಿನದೊಳಗೆ ಹಣ ಕೊಡಬೇಕು. ತಪ್ಪಿದರೆ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು ಬಡ್ಡಿ, ಅದೂ ತಿಂಗಳು ತಿಂಗಳಿಗೆ ಚಕ್ರಬಡ್ಡಿ. ಬ್ಯಾಂಕ್ ದರ ಶೇ 6 ಎಂದುಕೊಂಡರೆ ಬಡ್ಡಿ ಶೇ 18 ಆಗುತ್ತದೆ. ದೂರು ಹೋಗುವುದು ಇಂಥ ಬಾಕಿಯ ವಿವಾದ ತೀರಿಸುವ ರಾಜ್ಯದ ಸೌಲಭ್ಯ ಮಂಡಳಿಗೆ, ಎಂಎಸ್‌ಎಂಇ ಸಚಿವಾಲಯದ ಪೋರ್ಟಲ್ ಮೂಲಕ. ಅಲ್ಲಿ ಸೋತ ಇಲಾಖೆ ಆ ತೀರ್ಪನ್ನು ಪ್ರಶ್ನಿಸಬೇಕಾದರೆ ಮೊದಲು ಶೇ 75ರಷ್ಟು ಮೊತ್ತವನ್ನು ಕೋರ್ಟಿನಲ್ಲಿ ಠೇವಣಿ ಇಡಬೇಕು. ಒಪ್ಪಂದದಲ್ಲಿ ಮಧ್ಯಸ್ಥಿಕೆಯ ಷರತ್ತಿದ್ದರೂ ಈ ಕಾಯ್ದೆಯೇ ಮೇಲು ಎಂದು 2022ರ ಮಹಾಕಾಳಿ ಫುಡ್ಸ್ ತೀರ್ಪು ಹೇಳಿದೆ. ಅದೇ ತೀರ್ಪಿನಲ್ಲಿ ಒಂದು ಎಚ್ಚರಿಕೆಯೂ ಇದೆ: ಸಣ್ಣ ಉದ್ಯಮವೆಂಬ ನೋಂದಣಿ ಒಪ್ಪಂದಕ್ಕಿಂತ ಮೊದಲೇ ಆಗಿರಬೇಕು, ಬಿಲ್ ನಿಂತ ಮೇಲೆ ಓಡಿಹೋಗಿ ಉದ್ಯಮ್ ನೋಂದಣಿ ಮಾಡಿಸಿಕೊಂಡರೆ ಹಿಂದಿನ ಬಾಕಿಗೆ ಈ ಲಾಭ ಸಿಗದು. ಟೆಂಡರ್ ಹಾಕುವ ಮುನ್ನವೇ ಇದನ್ನು ಮುಗಿಸಿಕೊಂಡಿರಬೇಕು.

ಎಲ್ಲಕ್ಕಿಂತ ಹೆಚ್ಚು ಜನರ ಹಕ್ಕನ್ನು ಕೊಲ್ಲುವುದು ಕಾಲಮಿತಿ. ಬಾಕಿಗೆ ದಾವೆ ಹೂಡಲು ಸಾಮಾನ್ಯವಾಗಿ ಮೂರು ವರ್ಷ. ಅಷ್ಟರಲ್ಲಿ ಏಜೆನ್ಸಿ ಮನವಿ ಪತ್ರ, ಜ್ಞಾಪನಾ ಪತ್ರ, ಸಚಿವರ ಶಿಫಾರಸು ಪತ್ರ ಎಂದು ವಿಧಾನಸೌಧದ ಮೆಟ್ಟಿಲು ಹತ್ತಿ ಇಳಿಯುತ್ತಿರುತ್ತದೆ. ನಾವು ಬರೆದ ಪತ್ರದಿಂದ ಒಂದು ದಿನವೂ ಕಾಲಮಿತಿ ಹಿಗ್ಗುವುದಿಲ್ಲ. ಮೂರು ವರ್ಷ ಮುಗಿಯುವುದರೊಳಗೆ ಇಲಾಖೆ ಸಹಿ ಹಾಕಿ ಬಾಕಿಯನ್ನು ಒಪ್ಪಿಕೊಂಡರೆ ಮಾತ್ರ ಲೆಕ್ಕ ಹೊಸದಾಗಿ ಶುರುವಾಗುತ್ತದೆ. ಸರ್ಕಾರದ ಮೇಲೆ ದಾವೆ ಹೂಡುವ ಮುನ್ನ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಂ ಅಡಿ ಎರಡು ತಿಂಗಳ ನೋಟಿಸ್ ಬೇಕು. ಕಮರ್ಷಿಯಲ್ ಕೋರ್ಟಿಗೆ ಹೋಗುವುದಾದರೆ, ತುರ್ತು ಪರಿಹಾರ ಕೇಳದ ಪ್ರಕರಣಗಳಲ್ಲಿ, ಮೊದಲು ಸಂಧಾನ ಕಡ್ಡಾಯ. ಕೊನೆಯ ವಾರದಲ್ಲಿ ವಕೀಲರ ಬಳಿ ಹೋದರೆ ಅವರ ಕೈಯಲ್ಲೂ ಹೆಚ್ಚೇನೂ ಇರುವುದಿಲ್ಲ. ಹಾಗೆಯೇ, ಅರ್ಧ ಹಣ ಕೊಟ್ಟು 'ಪೂರ್ಣ ಮತ್ತು ಅಂತಿಮ ಪಾವತಿ' ಎಂದು ಸಹಿ ಹಾಕಿಸಿಕೊಳ್ಳುವ ಪದ್ಧತಿ ಇದೆ. ಒತ್ತಡದಿಂದ ಹಾಕಿದ ಸಹಿ ಎಂದು ತೋರಿಸಿದರೆ ಅದನ್ನು ಪ್ರಶ್ನಿಸಬಹುದು, 2009ರ ಬೋಘಾರಾ ಪಾಲಿಫ್ಯಾಬ್ ತೀರ್ಪು ಅದಕ್ಕೆ ಅವಕಾಶ ಕೊಟ್ಟಿದೆ. ಆದರೆ ಒತ್ತಡವನ್ನು ಸಾಬೀತುಮಾಡುವ ಹೊರೆ ಸಹಿ ಹಾಕಿದವರದು. ಹಣ ಪಡೆದ ದಿನವೇ 'ಉಳಿದ ಬಾಕಿಗೆ ನನ್ನ ಹಕ್ಕು ಕಾಯ್ದಿರಿಸಿದ್ದೇನೆ' ಎಂದು ಒಂದು ಪತ್ರ ಕೊಟ್ಟು ಮುದ್ರೆ ಹಾಕಿಸಿಕೊಳ್ಳುವುದು ಒಳ್ಳೆಯದು.

ಇಲ್ಲಿಯವರೆಗೆ ಹೇಳಿದ್ದೆಲ್ಲ ಇಲಾಖೆ ಮತ್ತು ಏಜೆನ್ಸಿಯ ನಡುವಿನ ಮಾತು. ಕೆಲಸ ಮಾಡಿದವರು ಈ ಅರ್ಜಿಗಳಲ್ಲಿ ಸಾಮಾನ್ಯವಾಗಿ ಪಕ್ಷಗಾರರೇ ಅಲ್ಲ. ಆದರೆ ಮೂವರಲ್ಲಿ ಅತ್ಯಂತ ಸ್ಪಷ್ಟವಾದ ಹಕ್ಕು ಇರುವುದು ಅವರಿಗೇ. 1970ರ ಗುತ್ತಿಗೆ ಕಾರ್ಮಿಕರ ಕಾಯ್ದೆಯ 21ನೇ ಕಲಂ, ಗುತ್ತಿಗೆದಾರ ಸಂಬಳ ಕೊಡದಿದ್ದರೆ ಪ್ರಧಾನ ಉದ್ಯೋಗದಾತ, ಅಂದರೆ ಇಲಾಖೆಯೇ, ಕೊಡಬೇಕು ಎಂದಿತ್ತು; ಆಮೇಲೆ ಗುತ್ತಿಗೆದಾರನಿಂದ ವಸೂಲಿ ಮಾಡಿಕೊಳ್ಳಲಿ. ಪಿಎಫ್ ಮತ್ತು ಇಎಸ್‌ಐ ಕಾನೂನುಗಳೂ ಅದೇ ದಾರಿಯಲ್ಲಿವೆ. 2025ರ ನವೆಂಬರ್ 21ರಂದು ಜಾರಿಗೆ ಬಂದ ಹೊಸ ಕಾರ್ಮಿಕ ಸಂಹಿತೆಗಳಲ್ಲೂ ಈ ಹೊಣೆ ಉಳಿದಿದೆ. ಆದರೆ ಗುತ್ತಿಗೆ ಕಾರ್ಮಿಕರ ಅಧ್ಯಾಯ ಅನ್ವಯಿಸುವ ಮಿತಿ 20 ಜನರಿಂದ 50ಕ್ಕೆ ಏರಿದೆ. ತಾಲ್ಲೂಕು ಆಸ್ಪತ್ರೆಯೊಂದರ ಮೂವತ್ತು ಜನರ ತಂಡಕ್ಕೆ ಇದು ನೇರ ಪೆಟ್ಟು. ಅವರಿಗೆ ಉಳಿದಿರುವ ಆಸರೆ ವೇತನ ಸಂಹಿತೆಯ 43ನೇ ಕಲಂ. ಉದ್ಯೋಗದಾತ ಕೊಡದಿದ್ದರೆ ಸಂಸ್ಥೆಯ ಒಡೆಯರೇ ಹೊಣೆ ಎಂದು ಅದು ಹೇಳುತ್ತದೆ. ವೇತನದ ಬಾಕಿಗೆ ಅರ್ಜಿ ಹಾಕುವ ಅವಧಿಯನ್ನು ಅದೇ ಸಂಹಿತೆ ಮೂರು ವರ್ಷಕ್ಕೆ ಹಿಗ್ಗಿಸಿದೆ. ಹಿಂದೆ ಕನಿಷ್ಠ ವೇತನ ಕಾಯ್ದೆಯಲ್ಲಿ ಆರು ತಿಂಗಳು, ವೇತನ ಪಾವತಿ ಕಾಯ್ದೆಯಲ್ಲಿ ಹನ್ನೆರಡು ತಿಂಗಳು ಇತ್ತು. ಏಜೆನ್ಸಿಯ ಜಗಳ ತೀರಲಿ ಎಂದು ಕಾರ್ಮಿಕರು ಕಾಯುವ ಅಗತ್ಯವೇ ಇಲ್ಲ. ಗುರುತಿನ ಚೀಟಿ, ಸಂಬಳ ಜಮೆಯಾಗುತ್ತಿದ್ದ ಪಾಸ್‌ಬುಕ್, ಹಾಜರಾತಿಯ ಫೋಟೊ ಹಿಡಿದು ಕಾರ್ಮಿಕ ಇಲಾಖೆಗೆ ನೇರವಾಗಿ ಹೋಗಬಹುದು. ಇದು ಗೊತ್ತಿಲ್ಲದೆ ಜಿಲ್ಲಾಧಿಕಾರಿ ಕಚೇರಿಯ ಎದುರು ಬಿಸಿಲಲ್ಲಿ ಕೂರುವವರನ್ನು ನೋಡುವುದು ನೋವಿನ ಸಂಗತಿ.

ರದ್ದತಿಯೂ ಬಾಕಿಯೂ ಹೇಗೆ ತೊಡಕಾಗುತ್ತವೆ ಎಂಬುದಕ್ಕೆ ನಮ್ಮ ರಾಜ್ಯದ 108 ಆಂಬುಲೆನ್ಸ್ ಸೇವೆಯೇ ಸಾಕ್ಷಿ. 2008ರಲ್ಲಿ ಆರೋಗ್ಯ ಕವಚ ಹೆಸರಿನಲ್ಲಿ ಶುರುವಾದ ಈ ಸೇವೆಯನ್ನು ಜಿವಿಕೆ ಇಎಂಆರ್‌ಐ ನಡೆಸುತ್ತಿತ್ತು. 2017ರಲ್ಲಿ ಸರ್ಕಾರ ಒಪ್ಪಂದ ಕೊನೆಗೊಳಿಸಲು ಹೊರಟಿತು. ಬದಲಿ ಟೆಂಡರ್ ಕೈಗೂಡದೆ ಆಮೇಲೂ ವರ್ಷಗಳ ಕಾಲ ಅದೇ ಸಂಸ್ಥೆಯೇ ಗಾಡಿ ಓಡಿಸಿತು. ಸಂಬಳದ ಬಾಕಿಗಾಗಿ ಚಾಲಕರೂ ಶುಶ್ರೂಷಕರೂ ಮುಷ್ಕರದ ಎಚ್ಚರಿಕೆ ಕೊಡುವುದು ಈ ಅವಧಿಯಲ್ಲಿ ಮರುಕಳಿಸುತ್ತಲೇ ಇತ್ತು. ಪ್ರತಿ ಸಲವೂ ಸರ್ಕಾರ ಏಜೆನ್ಸಿಯತ್ತ, ಏಜೆನ್ಸಿ ಸರ್ಕಾರದತ್ತ ಬೆರಳು ತೋರಿಸುತ್ತಿದ್ದವು.

ನಡುವಿನ ಗುತ್ತಿಗೆದಾರನನ್ನೇ ತೆಗೆದರೆ ಹೇಗೆ ಎಂಬ ಪ್ರಯೋಗವನ್ನು ಬೆಂಗಳೂರಿನ ಪೌರಕಾರ್ಮಿಕರು ಹೋರಾಡಿ ಪಡೆದರು. 2017–18ರ ಹೊತ್ತಿಗೆ ಅವರಿಗೆ ಪಾಲಿಕೆಯಿಂದಲೇ ನೇರ ಪಾವತಿ ಆರಂಭವಾಯಿತು. ಆದರೆ ಬಯೋಮೆಟ್ರಿಕ್ ಹಾಜರಾತಿ ಮತ್ತು ಪಟ್ಟಿಯ ಹೆಸರುಗಳ ಗೊಂದಲದಲ್ಲಿ 2018ರಲ್ಲಿ ಹಲವರ ಸಂಬಳ ತಿಂಗಳುಗಟ್ಟಲೆ ನಿಂತಿತು. ಈಗ ಬೀದರ್ ಮಾದರಿಯ ಮಾತು ಕೇಳಿಬರುತ್ತಿದೆ. ಅಲ್ಲಿ ಹೊರಗುತ್ತಿಗೆ ನೌಕರರನ್ನು ಖಾಸಗಿ ಏಜೆನ್ಸಿಯ ಬದಲು ಸಹಕಾರ ಸಂಘದ ಮೂಲಕ ಒದಗಿಸಲಾಗುತ್ತದೆ. ಅದನ್ನು ಬೇರೆ ಜಿಲ್ಲೆಗಳಿಗೂ ವಿಸ್ತರಿಸುವುದಾಗಿ ಕಾರ್ಮಿಕ ಸಚಿವ ಸಂತೋಷ್ ಲಾಡ್ ಹೇಳಿದ್ದಾರೆ. ಕಮಿಷನ್ ಕಡಿತ, ಎಟಿಎಂ ಕಾರ್ಡ್ ಕಿತ್ತುಕೊಳ್ಳುವಂಥ ಹಾವಳಿ ಇದರಿಂದ ತಗ್ಗಬಹುದು, ನಾನು ಇದನ್ನು ಸ್ವಾಗತಿಸುತ್ತೇನೆ. ಆದರೆ ಸಂಘಕ್ಕೂ ಹಣ ಬರಬೇಕಾದದ್ದು ಅದೇ ಇಲಾಖೆಯ ಅದೇ ಲೆಕ್ಕಶೀರ್ಷಿಕೆಯಿಂದ. ಏಜೆನ್ಸಿ ಕನಿಷ್ಠ ಸಾಲ ತಂದಾದರೂ ಒಂದು ತಿಂಗಳು ಸಂಬಳ ಕೊಡುತ್ತಿತ್ತು, ಸಂಘಕ್ಕೆ ಆ ಶಕ್ತಿಯೂ ಇರುವುದಿಲ್ಲ. ಕಾರ್ಯಾದೇಶ ಹೊರಡುವ ದಿನವೇ ಎರಡು ಮೂರು ತಿಂಗಳ ಸಂಬಳದ ಮೊತ್ತವನ್ನು ಪ್ರತ್ಯೇಕ ಖಾತೆಯಲ್ಲಿ ಇಡಬೇಕು, ಒಪ್ಪಂದ ಯಾವ ಕಾರಣಕ್ಕೆ ಕೊನೆಗೊಂಡರೂ ಆ ಖಾತೆಯಿಂದ ಕಾರ್ಮಿಕರ ಬ್ಯಾಂಕ್ ಖಾತೆಗೆ ನೇರವಾಗಿ ಹಣ ಹೋಗಬೇಕು ಎಂಬ ಷರತ್ತನ್ನು ಹೊಸ ಮಾದರಿಯ ಕರಡಿನಲ್ಲೇ ಬರೆಯಬೇಕು.